ಬಳ್ಳಿಗಾವಿಯಲ್ಲೊಂದು ಬಾಕಿ

ಹೋಟೆಲಿನಲ್ಲಿ ಹೊಟ್ಟೆ ತುಂಬ ತಿಂದು, ಕೈ ತೊಳೆದು, ಗಲ್ಲಾದ ಮುಂದೆ ನಿಂತು, ಕೊಡಲು ತನ್ನಲ್ಲಿ ಏನೂ ಇಲ್ಲವೆಂಬುದನ್ನು ಆಗ ಕಂಡುಕೊಂಡವನ ಮುಖವನ್ನು ನೀವು ನೋಡಿದ್ದೀರಾ? ನಾನು ಅದನ್ನು ಕಥೆಗಳಲ್ಲಿ ಓದಿದ್ದೆ. ಹಳೆಯ ಸಿನಿಮಾಗಳಲ್ಲಿ ನೋಡಿ ನಕ್ಕಿದ್ದೆ. ಅಂಥವನು ಕೊನೆಗೆ ಅಡುಗೆಮನೆಯಲ್ಲಿ ಒರಳಿನ ಮುಂದೆ ಕುಳಿತು ಹಿಟ್ಟು ರುಬ್ಬಿ, ತಿಂದ ಇಡ್ಲಿಯ ಋಣ ತೀರಿಸುವುದು ಆ ಕಾಲದ ಹಾಸ್ಯಕ್ಕೆ ಒಂದು ಸಿದ್ಧವಸ್ತು. ಅರುವತ್ತು ದಾಟಿದ, ಮೂವತ್ತು ವರ್ಷ ಮಕ್ಕಳಿಗೆ ಪಾಠ ಹೇಳಿದ ನಾನು ಅದೇ ಮುಖವನ್ನು ಹೊತ್ತು ನಿಲ್ಲುವ ದಿನ ಬಂದೀತೆಂದು ಎಣಿಸಿರಲಿಲ್ಲ. ಬಂದಿತು, ಅದೂ ಬಳ್ಳಿಗಾವಿಯಲ್ಲಿ.

2025ರ ಕಾರ್ತಿಕದ ಒಂದು ಬೆಳಗ್ಗೆ. ಶಿಕಾರಿಪುರದಿಂದ ಬಸ್ಸು ಹತ್ತಿ ಶಿರಾಳಕೊಪ್ಪದಲ್ಲಿಳಿದು, ಅಲ್ಲಿಂದ ಆಟೋ ಹಿಡಿದು ಬಳ್ಳಿಗಾವಿಗೆ ಬಂದಿದ್ದೆ. ಕೇದಾರೇಶ್ವರನ ಗುಡಿಯನ್ನೂ ಅಲ್ಲಿನ ಶಾಸನಗಳನ್ನೂ ಇನ್ನೊಮ್ಮೆ ನೋಡಬೇಕೆಂಬ ಆಸೆ. ಹೊಟ್ಟೆ ಮಾತ್ರ ಶಾಸನಗಳಿಗಿಂತ ಮೊದಲು ತನ್ನ ಅಹವಾಲನ್ನು ಮುಂದಿಟ್ಟಿತು. ರಸ್ತೆಯ ಬದಿಯಲ್ಲಿ ತಗಡಿನ ಮಾಡಿನ ಒಂದು ಪುಟ್ಟ ಹೋಟೆಲು. ಎರಡು ಬೆಂಚು, ಎರಡು ಮೇಜು. ಒಲೆಯ ಮುಂದೆ ನಲವತ್ತು ನಲವತ್ತೈದರ ಹೆಣ್ಣುಮಗಳೊಬ್ಬಳು ಪಡ್ಡಿನ ಹಂಚಿನ ಗುಳಿಗಳಿಗೆ ಎಣ್ಣೆ ಬಿಡುತ್ತಿದ್ದಳು. ಬಿಸಿ ಪಡ್ಡು, ಕೆಂಪು ಚಟ್ನಿ, ಶುಂಠಿ ಹಾಕಿದ ಚಹಾ. ಐವತ್ತು ರೂಪಾಯಿಗೆ ಅಷ್ಟು ಸುಖ ಈಗ ಪೇಟೆಯಲ್ಲಿ ಸಿಕ್ಕುವುದಿಲ್ಲ.

ಎದ್ದು ಬಂದು, ಗೋಡೆಗೆ ಅಂಟಿಸಿದ್ದ ಕಪ್ಪು ಚುಕ್ಕೆಗಳ ಚೌಕದ ಮುಂದೆ ಫೋನನ್ನು ಹಿಡಿದೆ. ಫೋನು ಕಣ್ಣು ತೆರೆಯಲಿಲ್ಲ. ದಾರಿಯುದ್ದಕ್ಕೂ ಹಾಡು ಕೇಳುತ್ತ ಬಂದದ್ದರ ಫಲ. ಆಟೋದವನಿಗೆ ಕೊಟ್ಟದ್ದೇ ಜೇಬಿನಲ್ಲಿದ್ದ ಕೊನೆಯ ನೋಟು. ಹತ್ತು ವರ್ಷದ ಹಿಂದೆ ಮನೆಯಿಂದ ಹೊರಡುವಾಗ ಪರ್ಸು ಮುಟ್ಟಿ ನೋಡಿಕೊಳ್ಳುತ್ತಿದ್ದ ಕೈ, ಈಗ ಫೋನನ್ನು ಮಾತ್ರ ಮುಟ್ಟಿ ನೋಡಿಕೊಳ್ಳುವುದನ್ನು ಕಲಿತುಬಿಟ್ಟಿದೆ.

ಗಲ್ಲಾದ ಮೇಲೆ, ದೇವರ ಪಟದ ಕೆಳಗೆ, ಅಂಗೈಯಗಲದ ಒಂದು ಪೆಟ್ಟಿಗೆ ಕುಳಿತಿತ್ತು. ನನಗಿಂತ ಮೊದಲು ತಿಂದು ಹೋದ ಇಬ್ಬರ ಹಣವನ್ನೂ ಅದು ಊರಿಗೆಲ್ಲ ಕೇಳುವಂತೆ ಶುದ್ಧ ಕನ್ನಡದಲ್ಲಿ ಸಾರಿತ್ತು. ಈಗ ಅದು ಸುಮ್ಮನಿತ್ತು. ಆ ಮೌನವೇ ನನ್ನ ಮೇಲಿನ ಆರೋಪಪಟ್ಟಿಯಂತೆ ತೋರಿತು. ಹಿಂದೆ ಸಾಲ ಹೇಳುವವನು ಗಲ್ಲಾದ ಮೇಲೆ ಬಾಗಿ, ಯಜಮಾನರ ಕಿವಿಯಲ್ಲಿ ಪಿಸುಗುಟ್ಟಿ ಹೋಗಬಹುದಾಗಿತ್ತು. ಕೊಟ್ಟವನಾರು, ಕೊಡದವನಾರು ಎಂಬುದು ಅವರಿಬ್ಬರ ನಡುವಿನ ಮಾತು. ಕೊಟ್ಟವರ ಹಣವನ್ನೆಲ್ಲ ಕೂಗಿ ಹೇಳುವ ಪೆಟ್ಟಿಗೆ, ಕೊಡದವನನ್ನು ಕೂಗದೆಯೇ ತೋರಿಸಿಕೊಡುತ್ತದೆ.

ಆಕೆ ನನ್ನ ಮುಖವನ್ನು ನೋಡಿ ನಕ್ಕಳು. “ಅದಕ್ಯಾಕೆ ಅಷ್ಟು ಬೇಜಾರು ಮಾಡ್ಕೊಂತೀರಿ ಸಾರ್? ಫೋನ್ ಇಲ್ಲೇ ಚಾರ್ಜಿಗೆ ಹಾಕ್ತೀನಿ. ಗುಡಿ ನೋಡ್ಕೊಂಡು ಬರ್ರಿ. ಬಂದ ಮೇಲೆ ಕೊಟ್ರಾತು.” ಪೆಟ್ಟಿಗೆಯ ಪಕ್ಕದ ಪ್ಲಗ್ಗಿನಲ್ಲಿಯೇ ನನ್ನ ಫೋನಿಗೆ ಜಾಗವಾಯಿತು. ನನ್ನ ಸರ್ವಸ್ವವನ್ನೂ ಐವತ್ತು ರೂಪಾಯಿಗೆ ಒತ್ತೆಯಿಟ್ಟಂತಾಯಿತಲ್ಲ ಎಂದುಕೊಂಡು, ಬಿಸಿಲು ಇಳಿಯಲೆಂದು ಬೆಂಚಿನ ಮೇಲೆ ಕುಳಿತೆ. ಗಿರಾಕಿಗಳಿಲ್ಲದ ಹೊತ್ತು, ಮಾತು ಬೆಳೆಯಿತು.

ಆ ಚುಕ್ಕೆಗಳ ಚೌಕದ ಕಥೆ ಸೋಜಿಗದ್ದು. 1994ರಲ್ಲಿ ಜಪಾನಿನ ಡೆನ್ಸೊ ವೇವ್ ಎಂಬ ಕಂಪನಿ ಅದನ್ನು ರೂಪಿಸಿದ್ದು ಮೋಟಾರು ಗಾಡಿಗಳ ಬಿಡಿಭಾಗಗಳ ಲೆಕ್ಕ ಇಡುವುದಕ್ಕೆ. ಮೂರು ಮೂಲೆಗಳ ಮೂರು ಚೌಕಗಳು, ಕಾಗದವನ್ನು ಯಾವ ದಿಕ್ಕಿನಿಂದ ಹಿಡಿದರೂ ತಲೆ ಯಾವುದು ಬುಡ ಯಾವುದು ಎಂಬುದನ್ನು ಯಂತ್ರಕ್ಕೆ ತಿಳಿಸುತ್ತವೆ. ನಮ್ಮಲ್ಲಿ 2016ರ ಏಪ್ರಿಲಿನಲ್ಲಿ ಯುಪಿಐ ಎಂಬ ಪಾವತಿಯ ವ್ಯವಸ್ಥೆ ಮೊದಲಾಯಿತು. ಅದೇ ವರ್ಷದ ನವೆಂಬರ್ 8ರಂದು ಐನೂರು, ಸಾವಿರದ ನೋಟುಗಳು ರದ್ದಾದಾಗ ಜನ ಅದರ ಕಡೆ ತಿರುಗತೊಡಗಿದರು. 2025ರ ಆಗಸ್ಟ್ ತಿಂಗಳೊಂದರಲ್ಲೇ ಈ ದಾರಿಯಲ್ಲಿ ನಡೆದ ಪಾವತಿಗಳು 2,000 ಕೋಟಿಯನ್ನು ದಾಟಿದುವು. ಗಾಡಿಯ ತಿರುಪುಮೊಳೆ ಎಣಿಸಲು ಹುಟ್ಟಿದ ಚೌಕ ಬಳ್ಳಿಗಾವಿಯ ಪಡ್ಡನ್ನು ಎಣಿಸುವುದಕ್ಕೆ ಬಂದು ಕುಳಿತಿದೆ.

ಇದರಿಂದ ಆಕೆಗೆ ಕೆಟ್ಟದ್ದೇ ಆಯಿತೆಂದು ನಾನು ಭಾವಿಸಿದ್ದರೆ ಅದು ನನ್ನ ವಯಸ್ಸಿನ ತಪ್ಪು. ಚಿಲ್ಲರೆಯ ಕಾಟ ತಪ್ಪಿತೆಂದಳು. ಎರಡು ರೂಪಾಯಿಗೆ ಬದಲಾಗಿ ಚಾಕಲೇಟು ಕೊಟ್ಟು ಬೈಸಿಕೊಳ್ಳುವುದು ನಿಂತಿತೆಂದಳು. ಆಮೇಲೆ ದನಿ ತಗ್ಗಿಸಿ ಇನ್ನೊಂದು ಮಾತು ಹೇಳಿದಳು. ಮೊದಲು ಸಂಜೆಯಾದರೆ ಗಲ್ಲಾದ ದುಡ್ಡನ್ನು ಬಳಿದುಕೊಂಡು ಹೋಗುವ ಕೈ ಮನೆಯಲ್ಲೇ ಇತ್ತಂತೆ. ಈಗ ಹಣ ನೇರವಾಗಿ ಆಕೆಯ ಹೆಸರಿನ ಖಾತೆಗೆ ಬೀಳುತ್ತದೆ. ಮಗನ ಕಾಲೇಜಿನ ಫೀಜು ಅದರಿಂದಲೇ ಹೋಯಿತು. “ಈ ಡಬ್ಬಿ ಕೂಗ್ತದಲ್ಲ ಸಾರ್, ನನ್ನ ದುಡ್ಡು ನಂಗೆ ಬಂತು ಅಂತ ಕೂಗ್ತದೆ.” ನನಗೆ ಆರೋಪಪಟ್ಟಿಯಂತೆ ಕೇಳಿಸಿದ ಪೆಟ್ಟಿಗೆ ಆಕೆಗೆ ಕಾವಲುಗಾರನ ಕೂಗಾಗಿತ್ತು.

ಆದರೆ ಕೆಲವು ತಿಂಗಳ ಹಿಂದೆ ಅದೇ ಚೌಕದ ಮೇಲೆ ಆಕೆ ಕ್ಯಾಲೆಂಡರನ್ನು ತೂಗಹಾಕಿ ಮುಚ್ಚಿದ್ದಳು. 2025ರ ಜುಲೈಯಲ್ಲಿ ರಾಜ್ಯದ ವಾಣಿಜ್ಯ ತೆರಿಗೆ ಇಲಾಖೆ, ಯುಪಿಐ ಮೂಲಕ ಬಂದ ಹಣವನ್ನು ಆಧಾರವಾಗಿಟ್ಟುಕೊಂಡು, ಜಿಎಸ್‌ಟಿ ನೋಂದಣಿಯಿಲ್ಲದ ಸಾವಿರಾರು ಸಣ್ಣ ವ್ಯಾಪಾರಿಗಳಿಗೆ ನೋಟಿಸು ಕೊಟ್ಟಿತು. ಬೆಂಗಳೂರಿನ ಬೇಕರಿ, ಕಾಂಡಿಮೆಂಟ್ಸು, ತರಕಾರಿ ಅಂಗಡಿಗಳ ಮುಂದೆ ನಗದು ಮಾತ್ರವೆಂಬ ಬರಹಗಳು ಕಾಣಿಸಿಕೊಂಡವು, ವ್ಯಾಪಾರಿಗಳು ಪ್ರತಿಭಟನೆಗಿಳಿದರು. ಕೊನೆಗೆ ಸರ್ಕಾರ, ಹಳೆಯ ಬಾಕಿಯನ್ನು ವಸೂಲು ಮಾಡುವುದಿಲ್ಲ, ಮುಂದಕ್ಕೆ ನೋಂದಣಿ ಮಾಡಿಸಿಕೊಳ್ಳಿ ಎಂದು ಹೇಳಿ ಸಮಾಧಾನಪಡಿಸಿತು.

ಹೋಟೆಲಿನಂಥ ಸೇವೆಗೆ ನೋಂದಣಿಯ ಮಿತಿ ವರ್ಷಕ್ಕೆ 20 ಲಕ್ಷ ರೂಪಾಯಿ. ದಿನಕ್ಕೆ ಹಂಚಿದರೆ ಸುಮಾರು 5,480. ಇದು ಲಾಭವಲ್ಲ, ಬರಿಯ ವಹಿವಾಟು. ನಮ್ಮ ಪಡ್ಡಿನ ಹೋಟೆಲು ಆ ಗೆರೆಯಿಂದ ಬಹಳ ಕೆಳಗಿತ್ತು, ನೋಟಿಸೂ ಬರಲಿಲ್ಲ. ಭಯ ಮಾತ್ರ ಬಂತು. ಆಕೆಯ ಭಯಕ್ಕೆ ಅರ್ಥವಿಲ್ಲದೆ ಇರಲಿಲ್ಲ. ತಮ್ಮ ಕಳಿಸಿದ ಕೈಸಾಲ, ಸಂಘದ ಚೀಟಿಯ ಹಣ, ಅಕ್ಕನ ಮಗಳ ಮದುವೆಗೆಂದು ಸೇರಿಸಿದ್ದು ಎಲ್ಲವೂ ಅದೇ ಚೌಕದ ಬಾಗಿಲಿನಿಂದಲೇ ಒಳಗೆ ಬಂದಿದ್ದುವು. ಯಂತ್ರಕ್ಕೆ ಎಷ್ಟು ಎಂಬುದು ಗೊತ್ತು. ಏಕೆ ಎಂಬುದು ಗೊತ್ತಿಲ್ಲ. ನೋಟಿಸು ಬಂದ ಹಲವರು ಹೇಳಿಕೊಂಡದ್ದೂ ಇದನ್ನೇ. ತೆರಿಗೆ ಕೊಡಬಾರದೆಂದು ನಾನು ಹೇಳುವುದಿಲ್ಲ. ನನ್ನ ಮೂವತ್ತು ವರ್ಷದ ಸಂಬಳವೂ ಜನರ ತೆರಿಗೆಯಿಂದಲೇ ಬಂದದ್ದು. ಆದರೆ ಲೆಕ್ಕ ಎಂಬುದು ಮೊತ್ತವಷ್ಟೇ ಅಲ್ಲ. ಆಕೆಯ ಹಳೆಯ ರೂಲುಪುಸ್ತಕದಲ್ಲಿ ಪ್ರತಿ ಅಂಕಿಯ ಎದುರಿಗೂ ಒಬ್ಬ ಮನುಷ್ಯನ ಹೆಸರಿತ್ತು, ಒಂದು ಕಾರಣವಿತ್ತು.

ಇಷ್ಟು ಸಣ್ಣ ಊರಿನ ಮಾತಾಯಿತು. ದೊಡ್ಡ ಊರುಗಳಲ್ಲಿ ಬದಲಾವಣೆ ಗಲ್ಲಾದಲ್ಲಿ ನಿಂತಿಲ್ಲ. ಮೇಜನ್ನೂ ದಾಟಿ ಅಡುಗೆಮನೆಗೆ ನುಗ್ಗಿದೆ. ನಮ್ಮ ಕಾಲದ ಹೋಟೆಲಿನ ಮಾಣಿ ಹತ್ತು ಮೇಜುಗಳ ತಿಂಡಿಯನ್ನು ಬಾಯಲ್ಲೇ ಇಟ್ಟುಕೊಂಡು, ಎದ್ದು ಹೊರಟವನ ಬೆನ್ನ ಹಿಂದೆ ಒಂದೇ ಉಸಿರಿನಲ್ಲಿ ಲೆಕ್ಕ ಒಪ್ಪಿಸುತ್ತಿದ್ದ. 1980ರ ದಶಕದಲ್ಲಿ ದರ್ಶಿನಿಗಳು ಬಂದಾಗ ಅವನು ಮರೆಯಾದ, ಟೋಕನ್ನು ಬಂತು, ನಾವು ನಿಂತು ತಿನ್ನುವುದನ್ನು ಕಲಿತೆವು. ಆಗಲೂ ಹಿರಿಯರು ಹಲುಬಿದರು, ಆಮೇಲೆ ಒಗ್ಗಿಕೊಂಡರು. 2014ರಲ್ಲಿ ಬೆಂಗಳೂರಿನಲ್ಲಿ ಸ್ವಿಗ್ಗಿ ಹುಟ್ಟಿತು. ಈಗ ಗಿರಾಕಿಗೆ ಬಾಗಿಲೇ ಇಲ್ಲದ, ಅಡುಗೆಮನೆ ಮಾತ್ರವಿರುವ ಹೋಟೆಲುಗಳಿವೆ. 2022ರಲ್ಲಿ ಬೆಂಗಳೂರಿನಲ್ಲಿ ಇಡ್ಲಿಯನ್ನು ತಾನೇ ಬೇಯಿಸಿ ಪೊಟ್ಟಣ ಕಟ್ಟಿ ಕೊಡುವ ಯಂತ್ರವೊಂದು ಸುದ್ದಿಯಾಯಿತು. ಹಬೆಯನ್ನು ನೋಡಿ ಇಡ್ಲಿಯ ಹದ ತಿಳಿಯುತ್ತಿದ್ದ ಭಟ್ಟರ ಕಣ್ಣಿಗೆ ಅಲ್ಲಿ ಕೆಲಸವಿಲ್ಲ.

ಇದರಲ್ಲಿ ಉಪಕಾರವಿಲ್ಲವೆಂದಲ್ಲ. ಮಕ್ಕಳು ಪರದೇಶದಲ್ಲಿರುವ, ಮಂಡಿ ನೋವಿನಿಂದ ಮೆಟ್ಟಿಲಿಳಿಯಲಾರದ ನನ್ನ ಸಹೋದ್ಯೋಗಿಯೊಬ್ಬರಿಗೆ ರಾತ್ರಿಯ ಊಟ ಬರುವುದು ಫೋನಿನ ಕೃಪೆಯಿಂದಲೇ. ಆದರೆ ಅಡಿಗೆ ಮಾಡಿದವನಿಗೆ ಉಂಡವನ ಮುಖ ಕಾಣುವುದಿಲ್ಲ. ಕಾಣುವುದು ಐದರಲ್ಲಿ ಇಷ್ಟು ನಕ್ಷತ್ರ ಎಂಬ ತೀರ್ಪು. ಇಬ್ಬರ ನಡುವೆ ಮಳೆಯಲ್ಲಿ ನೆನೆಯುತ್ತ ಬೈಕು ಓಡಿಸುವ ಹುಡುಗನನ್ನು ಇಬ್ಬರೂ ಸರಿಯಾಗಿ ನೋಡುವುದಿಲ್ಲ. ಅವನು ಎಲ್ಲಿದ್ದಾನೆ ಎಂಬುದನ್ನು ಭೂಪಟದ ಮೇಲೆ ಚುಕ್ಕಿಯಾಗಿ ತೋರಿಸುವ ಯಂತ್ರ, ಅವನು ಊಟ ಮಾಡಿದನೆ ಎಂಬುದನ್ನು ತೋರಿಸುವುದಿಲ್ಲ. ಇಂಥ ಕೆಲಸಗಾರರ ಸಾಮಾಜಿಕ ಭದ್ರತೆಗೆಂದು ಕರ್ನಾಟಕ 2025ರಲ್ಲಿ ಒಂದು ಕಾಯಿದೆಯನ್ನೇ ಮಾಡಬೇಕಾಯಿತು. ಅಂದರೆ, ಯಂತ್ರ ಎಣಿಸದೆ ಬಿಟ್ಟವರನ್ನು ಶಾಸನಸಭೆ ಎಣಿಸಬೇಕಾಯಿತು.

ನಾವು ಮಾತಾಡುತ್ತಿದ್ದಾಗ ಒಬ್ಬ ಮುದುಕ ಬಂದು ಬೆಂಚಿನ ತುದಿಯಲ್ಲಿ ಕುಳಿತ. ಬರಿಗಾಲು, ಹೆಗಲ ಮೇಲೊಂದು ಮಾಸಿದ ಟವೆಲು. ಏನು ಬೇಕೆಂದು ಅವನು ಹೇಳಲಿಲ್ಲ, ಆಕೆ ಕೇಳಲಿಲ್ಲ. ತಟ್ಟೆ ಬಂತು. “ಚಟ್ನಿ ಖಾರ ಐತೆ ಅಜ್ಜ, ಮೊಸರು ಹಾಕ್ಲೇನು?” ಎಂದದ್ದು ಮಾತ್ರ ಕೇಳಿಸಿತು. ಅಜ್ಜ ನಿಧಾನವಾಗಿ ತಿಂದು, ತಟ್ಟೆಯನ್ನು ತಾನೇ ತೊಳೆದಿಟ್ಟು ಹೊರಟುಹೋದ. ಪೆಟ್ಟಿಗೆ ಕೂಗಲಿಲ್ಲ. ರೂಲುಪುಸ್ತಕವೂ ತೆರೆಯಲಿಲ್ಲ. ಎರಡು ತಟ್ಟೆಗಳ ಬಾಕಿ ಆ ಹೊತ್ತು ಆ ಹೋಟೆಲಿನಲ್ಲಿತ್ತು: ಒಂದು ಅವನದು, ಒಂದು ನನ್ನದು. ಪೆಟ್ಟಿಗೆಯ ದೃಷ್ಟಿಯಲ್ಲಿ ನಮ್ಮಿಬ್ಬರಿಗೆ ಭೇದವಿರಲಿಲ್ಲ.

ಆ ಯೋಚನೆಯಲ್ಲೇ ಕೇದಾರೇಶ್ವರನ ಗುಡಿಗೆ ನಡೆದೆ. ಫೋನಿಲ್ಲದ ಕಾರಣ ಚಿತ್ರ ತೆಗೆಯುವ ಗೊಡವೆಯಿಲ್ಲ. ಬಹಳ ದಿನಗಳ ಮೇಲೆ ಕಣ್ಣಿನಿಂದಲೇ ನೋಡಿದೆ. ಮೂರು ಗರ್ಭಗುಡಿಗಳ ದೇವಾಲಯ, ಆವರಣದಲ್ಲಿ ಎತ್ತರವಾಗಿ ನಿಂತ ಶಾಸನಗಳು, ಆಚೆಗೆ ಕೆರೆಯ ನೀರು. ಈ ಗುಡಿಗೆ ಸೇರಿದ್ದ ವಿದ್ಯಾಪೀಠಕ್ಕೆ ಕೋಡಿಯ ಮಠವೆಂದು ಹೆಸರು. ಕಳಚುರಿ ಬಿಜ್ಜಳನ ಕಾಲದ, 1162ರ ಶಾಸನವೊಂದು ಆ ಮಠವನ್ನು ಬಣ್ಣಿಸುತ್ತದೆ. ರೈಸ್ ಅವರ ಎಪಿಗ್ರಾಫಿಯ ಕರ್ನಾಟಿಕದ 1902ರ ಸಂಪುಟದಲ್ಲಿ ಅದನ್ನು ವಿದ್ಯಾರ್ಥಿಯಾಗಿದ್ದಾಗ ಓದಿದ್ದೆ. ಅಲ್ಲಿ ಕಲಿಸುತ್ತಿದ್ದ ವ್ಯಾಕರಣಗಳು, ದರ್ಶನಗಳು, ಪುರಾಣಗಳ ಹೆಸರುಗಳನ್ನು ಪರೀಕ್ಷೆಗಾಗಿ ಬಾಯಿಪಾಠ ಮಾಡಿದ್ದೆ. ಅದರ ಮುಂದಿನ ಭಾಗದ ಮೇಲೆ ಪ್ರಶ್ನೆ ಬರುತ್ತಿರಲಿಲ್ಲ, ಹಾಗಾಗಿ ಮನಸ್ಸಿಟ್ಟಿರಲಿಲ್ಲ.

ಮುಂದಿನ ಭಾಗ ಒಂದು ಪಟ್ಟಿ. ಆ ಮಠದಲ್ಲಿ ಯಾರು ಯಾರಿಗೆ ಅನ್ನವಿಕ್ಕುತ್ತಿದ್ದರು ಎಂಬ ಪಟ್ಟಿ. ದೀನರು, ಅನಾಥರು, ಕುಂಟರು, ಕುರುಡರು, ಕಿವುಡರು. ಕಥೆ ಹೇಳುವವರು, ಹಾಡುವವರು, ವಾದ್ಯ ನುಡಿಸುವವರು, ಕುಣಿಯುವವರು. ಒಂದು ದಂಡ ಹಿಡಿದ ಸಂನ್ಯಾಸಿ, ಮೂರು ದಂಡ ಹಿಡಿದ ಸಂನ್ಯಾಸಿ, ಕ್ಷಪಣಕರು. ನಾನಾ ದೇಶಗಳಿಂದ ಬಂದ ಭಿಕ್ಷುಕರು. ಶೈವರ ಮಠ, ಆದರೆ ಉಣ್ಣಲು ಬಂದವನ ಮತವನ್ನು ಕೇಳಿದಂತಿಲ್ಲ. ರೋಗಿಗಳಿಗೆ ಮದ್ದಿನ ಏರ್ಪಾಡೂ ಅಲ್ಲಿತ್ತೆನ್ನುತ್ತದೆ ಶಾಸನ. ಆ ಪಟ್ಟಿಯಲ್ಲಿ ನಾನು ಎಲ್ಲಿ ಸೇರುತ್ತೇನೆಂದು ನೋಡಿಕೊಂಡೆ. ಅಂದಿನ ಬೆಳಗ್ಗೆಯ ಮಟ್ಟಿಗೆ, ಬೇರೆ ಊರಿನಿಂದ ಬಂದ ಭಿಕ್ಷುಕನೆಂಬ ಸಾಲಿನಲ್ಲಿ ನನಗೆ ಧಾರಾಳವಾಗಿ ಜಾಗವಿತ್ತು.

ಹಿಂದಿನದೆಲ್ಲ ದಯೆ, ಇಂದಿನದೆಲ್ಲ ಲೆಕ್ಕ ಎಂದು ಹೇಳಿ ಈ ಬರಹವನ್ನು ಮುಗಿಸುವುದು ಸುಲಭ. ಅದು ಸುಳ್ಳು. ಕೋಡಿಯ ಮಠದ ಅನ್ನವೂ ಆಕಾಶದಿಂದ ಇಳಿಯಲಿಲ್ಲ. ಅದರ ಹಿಂದೆ ಭೂಮಿಯ ದತ್ತಿಯಿತ್ತು, ಉಳುವವನ ಬೆವರಿತ್ತು, ಅರಸನ ಕರವಿತ್ತು. ದತ್ತಿ ಯಾರದು, ಯಾವುದಕ್ಕೆ ಎಂಬುದನ್ನು ಬರೆದಿಟ್ಟ ಲೆಕ್ಕಪತ್ರವೇ ಆ ಶಾಸನ. ಕಲ್ಲಿನ ಮೇಲೆ ಕೊರೆದುದರಿಂದ ಅದು ಎಂಟೂವರೆ ಶತಮಾನ ಉಳಿಯಿತು. ಆದ್ದರಿಂದ ಲೆಕ್ಕ ಅನ್ನದ ಶತ್ರುವಲ್ಲ. ಆದರೆ ಆ ಲೆಕ್ಕ ಕೊಟ್ಟವನ ಹೆಸರಿನೊಂದಿಗೆ, ಕೊಡಲಾರದೆ ಉಂಡವರನ್ನೂ ಬರೆಯಿತು. ಇಂದಿನ ಲೆಕ್ಕದಲ್ಲಿ ಕೊಟ್ಟವನು ಮಾತ್ರ ಇದ್ದಾನೆ. ಫೋನಿಲ್ಲದವನು, ಖಾತೆಯಿಲ್ಲದವನು, ತಟ್ಟೆ ತೊಳೆದಿಟ್ಟು ಹೋಗುವವನು ಅದರಲ್ಲಿ ತಪ್ಪಾಗಿಯೂ ಸೇರುವುದಿಲ್ಲ. ನಗದು ಬೇಡವೆಂದು ಬೋರ್ಡು ಹಾಕುವ ಹೋಟೆಲುಗಳು ಹೆಚ್ಚಿದಂತೆ, ಕೈಯಲ್ಲಿ ಕಾಸಿದ್ದವನೂ ಅವನ ಜೊತೆ ಹೊರಗೆ ನಿಲ್ಲಬೇಕಾದೀತು. ಹೊಸ ಯಂತ್ರವನ್ನು ನಾವು ಬಿಡಬೇಕಾಗಿಲ್ಲ. ಆಕೆಯ ಮಗನ ಓದು ಅದರ ಮೇಲೆ ನಿಂತಿದೆ. ಅದು ಎಣಿಸದವನಿಗೂ ಬೆಂಚಿನ ತುದಿಯಲ್ಲಿ ಒಂದು ಜಾಗ ಉಳಿದಿರುವಂತೆ ನೋಡಿಕೊಳ್ಳಬೇಕಾಗಿದೆ.

ಹಿಂದಿರುಗಿದಾಗ ಫೋನಿಗೆ ಜೀವ ಬಂದಿತ್ತು. ಚೌಕದ ಮುಂದೆ ಹಿಡಿದು, ಸ್ವಲ್ಪ ಉದಾರನಾಗುವ ಉಮೇದಿನಲ್ಲಿ, “ಆ ಅಜ್ಜನದೂ ಸೇರಿಸಿ ನೂರು ಹಾಕುತ್ತೇನಮ್ಮ” ಎಂದೆ.

ಆಕೆ ಒಲೆಯ ಕಡೆಯಿಂದ ತಿರುಗಿ ನೋಡಿದಳು. “ಬ್ಯಾಡ ಸಾರ್. ಅಜ್ಜಂದು ನಂದು. ನಿಮ್ದು ಐವತ್ತು, ಅಷ್ಟೇ ಹಾಕಿ.”

ಹಾಕಿದೆ. ಐವತ್ತು ರೂಪಾಯಿ ಬಂದಿದೆಯೆಂದು ಪೆಟ್ಟಿಗೆ ಗಟ್ಟಿಯಾಗಿ ಸಾರಿತು. ಶಿರಾಳಕೊಪ್ಪದ ಕಡೆಯ ಆಟೋ ಬರುವವರೆಗೂ ನಾನು ಅದೇ ಬೆಂಚಿನ ಮೇಲೆ ಕುಳಿತಿದ್ದೆ.