ಹುಳಿಸಿದ ಎಲೆಕೋಸಿಗೆ ಮೆದು ರುಚಿ

ಸೌರ್‌ಕ್ರೌಟ್ ಎಂದರೆ ಉಪ್ಪು ಬೆರೆಸಿ ಹುಳಿಯಲು ಬಿಟ್ಟ ಎಲೆಕೋಸು. ಜರ್ಮನಿಯ ಮನೆಗಳಲ್ಲಿ ಅದನ್ನು ಜಾಡಿಯಿಂದ ತೆಗೆದು ಹಸಿಯಾಗಿ ತಿನ್ನುವುದಕ್ಕಿಂತ, ಈರುಳ್ಳಿ, ಸೇಬು ಮತ್ತು ಕೊಬ್ಬಿನೊಂದಿಗೆ ಇನ್ನೊಮ್ಮೆ ಬೇಯಿಸಿ ಬಿಸಿಬಿಸಿಯಾಗಿ ಬಡಿಸುವುದೇ ಹೆಚ್ಚು. ಸುಟ್ಟ ಸಾಸೇಜಿನ ಪಕ್ಕದಲ್ಲೋ, ಉಪ್ಪು ಹಾಕಿ ಹೊಗೆ ಕೊಟ್ಟ ಹಂದಿಮಾಂಸದ ಪಕ್ಕದಲ್ಲೋ ಒಂದು ಗುಪ್ಪೆ ಸೌರ್‌ಕ್ರೌಟ್ ಇರುತ್ತದೆ. ಮಾಂಸದ ಜಿಡ್ಡನ್ನು ಕಡಿಯುವುದು ಅದರ ಕೆಲಸ. ಹುಳಿ ಅತಿಯಾದರೆ ತಟ್ಟೆಯಲ್ಲಿರುವ ಮಿಕ್ಕೆಲ್ಲ ರುಚಿಯನ್ನೂ ಅದೇ ನುಂಗಿಬಿಡುತ್ತದೆ. ಆದ್ದರಿಂದ ಈ ಅಡುಗೆಯ ಜಾಣ್ಮೆಯೆಲ್ಲ ಹುಳಿಯನ್ನು ಕಳೆಯದೆ ಹದಕ್ಕೆ ತರುವುದರಲ್ಲಿದೆ.

ಹುಳಿ ಬರುವ ಬಗೆ ಸರಳ. ಸಣ್ಣಗೆ ಹೆಚ್ಚಿದ ಎಲೆಕೋಸಿಗೆ ಅದರ ತೂಕದ ಶೇ 2ರಿಂದ 2.5ರಷ್ಟು ಉಪ್ಪು, ಅಂದರೆ ಕಿಲೋಗೆ 20–25 ಗ್ರಾಂ, ಹಾಕಿ ಕೈಯಿಂದ ಚೆನ್ನಾಗಿ ಹಿಸುಕಿದರೆ ಕೋಸು ತನ್ನದೇ ನೀರು ಬಿಡುತ್ತದೆ. ಅದನ್ನು ಜಾಡಿಗೆ ಒತ್ತಿ ತುಂಬಿ, ಮೇಲೆ ಭಾರ ಇಟ್ಟು, ಕೋಸು ಸದಾ ಆ ನೀರಿನಲ್ಲಿ ಮುಳುಗಿರುವಂತೆ ನೋಡಿಕೊಳ್ಳಬೇಕು. ಎಲೆಯ ಮೇಲೆ ಮೊದಲೇ ಇರುವ ಬ್ಯಾಕ್ಟೀರಿಯಾಗಳೇ ಮುಂದಿನದನ್ನು ನೋಡಿಕೊಳ್ಳುತ್ತವೆ. ಮೊದಲು ಲ್ಯುಕೋನೋಸ್ಟಾಕ್ ಜಾತಿಯವು ಬೆಳೆದು ಇಂಗಾಲದ ಡೈಆಕ್ಸೈಡ್ ಹೊರಬಿಡುತ್ತವೆ. ಜಾಡಿಯೊಳಗಿನ ಗಾಳಿ ಹೊರಟುಹೋಗುತ್ತದೆ. ಹುಳಿ ಏರಿದಂತೆ ಅವು ಸೋತು, ಹುಳಿ ತಾಳಬಲ್ಲ ಲ್ಯಾಕ್ಟೋಬ್ಯಾಸಿಲಸ್ ಬಳಗ ಮೇಲುಗೈ ಪಡೆಯುತ್ತದೆ. 18–20 ಡಿಗ್ರಿ ಸೆಲ್ಸಿಯಸ್ ತಂಪಿನಲ್ಲಿ ನಾಲ್ಕರಿಂದ ಆರು ವಾರ ಬೇಕು. ಸೆಕೆ ಹೆಚ್ಚಿದ್ದರೆ ಬೇಗ ಹುಳಿಯುತ್ತದೆ, ಆದರೆ ಕೋಸು ಮೆತ್ತಗಾಗಿ ಗರಿಗರಿ ಹೋಗುತ್ತದೆ. ಜರ್ಮನ್ನರ ಹುಳಿಸುವ ಜಾಡಿಗೆ ಬಾಯಿಯ ಸುತ್ತ ನೀರು ನಿಲ್ಲುವ ಒಂದು ಕಾಲುವೆ ಇರುತ್ತದೆ. ಮುಚ್ಚಳದ ಅಂಚು ಆ ನೀರಿನಲ್ಲಿ ಕೂರುವುದರಿಂದ ಒಳಗಿನ ಗಾಳಿ ಗುಳುಗುಳು ಹೊರಬರುತ್ತದೆ, ಹೊರಗಿನದು ಒಳಗೆ ಹೋಗುವುದಿಲ್ಲ.

ಕೋಸಿನ ತಳಿಗೂ ಬೆಲೆಯಿದೆ. ಸ್ಟುಟ್‌ಗಾರ್ಟ್ ನಗರದ ದಕ್ಷಿಣದ ಫಿಲ್ಡರ್ ಬಯಲಿನಲ್ಲಿ ಬೆಳೆಯುವ ಮೊನಚು ತುದಿಯ ಎಲೆಕೋಸು ತೆಳು ಎಲೆ, ಸಣ್ಣ ನಾರುಗಳಿಂದಾಗಿ ಹೆಸರುವಾಸಿ. ಅಲ್ಲಿನ ಲೈನ್‌ಫೆಲ್ಡನ್-ಎಖ್ಟರ್‌ಡಿಂಗನ್ ಊರಿನಲ್ಲಿ ಪ್ರತಿವರ್ಷ ಅಕ್ಟೋಬರ್‌ನಲ್ಲಿ ಕೋಸಿನದೇ ಹಬ್ಬ ನಡೆಯುತ್ತದೆ.

ಚಳಿಗಾಲದಲ್ಲಿ ಹಸಿ ತರಕಾರಿ ಸಿಗದ ನಾಡಿನಲ್ಲಿ ಈ ಜಾಡಿಯೇ ಸಿ ಜೀವಸತ್ವದ ಆಸರೆಯಾಗಿತ್ತು. ಅದೇ ಕಾರಣಕ್ಕೆ ಅದು ಹಡಗನ್ನೂ ಏರಿತು. 1768ರಲ್ಲಿ ಹೊರಟ ಎಂಡೆವರ್ ನೌಕೆಯಲ್ಲಿ ಕ್ಯಾಪ್ಟನ್ ಜೇಮ್ಸ್ ಕುಕ್ ಸ್ಕರ್ವಿ ರೋಗ ತಡೆಯಲು ಇದನ್ನು ಹೇರಿಕೊಂಡಿದ್ದ. ನಾವಿಕರು ಮೊದಲು ಮುಟ್ಟಲಿಲ್ಲ. ಅಧಿಕಾರಿಗಳ ಮೇಜಿಗೆ ದಿನವೂ ಬಡಿಸಲು ಹೇಳಿ, ಉಳಿದವರು ಬೇಕಾದರೆ ತಿನ್ನಲಿ ಎಂದು ಬಿಟ್ಟ. ದೊಡ್ಡವರು ತಿನ್ನುವುದನ್ನು ಕಂಡದ್ದೇ ತಡ, ಎಲ್ಲರಿಗೂ ಬೇಕಾಯಿತು. ಬೇಯಿಸಿದಾಗ ಆ ಜೀವಸತ್ವದಲ್ಲಿ ಸಾಕಷ್ಟು ಪಾಲು ನಷ್ಟವಾಗುತ್ತದೆ, ಬ್ಯಾಕ್ಟೀರಿಯಾಗಳೂ ಸಾಯುತ್ತವೆ. ಅವುಗಳಿಗಾಗಿ ತಿನ್ನುವವರು ಒಂದಿಷ್ಟನ್ನು ಹಸಿಯಾಗಿಯೇ ತೆಗೆದಿಡುತ್ತಾರೆ.

ಮೆದು ರುಚಿಯ ಅಡುಗೆಗೆ ಅರ್ಧ ಕಿಲೋ ಸೌರ್‌ಕ್ರೌಟ್ ನಾಲ್ವರಿಗೆ ಸಾಕು. ಮೊದಲು ಚೂರು ಬಾಯಿಗೆ ಹಾಕಿಕೊಂಡು ನೋಡಬೇಕು. ಹಲವು ಪಾಕವಿಧಾನಗಳು ತೊಳೆಯಲು ಹೇಳುತ್ತವೆ. ಆದರೆ ತೊಳೆದರೆ ಹುಳಿಯ ಜೊತೆ ರುಚಿಯೂ ಹರಿದುಹೋಗುತ್ತದೆ. ತೀರಾ ಹುಳಿಯಿದ್ದರೆ ಅರ್ಧವನ್ನು ಮಾತ್ರ ತೊಳೆದು ಹಿಂಡಿ, ಉಳಿದರ್ಧಕ್ಕೆ ಸೇರಿಸುವುದು ಮೇಲು. ಪಾತ್ರೆ ಸ್ಟೀಲಿನದೋ ಎನಾಮೆಲ್‌ನದೋ ಆಗಿರಲಿ, ಅಲ್ಯೂಮಿನಿಯಂ ಹುಳಿಗೆ ಒಗ್ಗುವುದಿಲ್ಲ. ಎರಡು ಚಮಚ ಹಂದಿ ಅಥವಾ ಬಾತಿನ ಕೊಬ್ಬಿನಲ್ಲಿ (ಸಸ್ಯಾಹಾರಿಗಳಿಗೆ ಬೆಣ್ಣೆ) ಸಣ್ಣಗೆ ಹೆಚ್ಚಿದ ಒಂದು ಈರುಳ್ಳಿಯನ್ನು ಕೆಂಪಾಗದಂತೆ ಬಾಡಿಸಿ, ಸಿಪ್ಪೆ ತೆಗೆದ ಒಂದು ಸೇಬಿನ ಚೂರುಗಳನ್ನು ಹಾಕಬೇಕು. ಕೋಸನ್ನು ಫೋರ್ಕಿನಿಂದ ಬಿಡಿಸಿ ಸೇರಿಸಿ, 200 ಮಿ.ಲೀ. ತರಕಾರಿ ಬೇಯಿಸಿದ ಕಟ್ಟು, ಅಥವಾ ಅರ್ಧ ಕಟ್ಟು ಅರ್ಧ ಬಿಳಿ ವೈನ್, ಸುರಿಯಬೇಕು. ಒಂದು ಲಾರೆಲ್ ಎಲೆ, ಸ್ವಲ್ಪ ಜಜ್ಜಿದ ನಾಲ್ಕೈದು ಜುನಿಪರ್ ಹಣ್ಣು, ಅರ್ಧ ಚಮಚ ಕ್ಯಾರವೇ ಕಾಳು. ನಮ್ಮ ಪಲಾವ್ ಎಲೆ ಬೇರೆ ಮರದ್ದು, ದಾಲ್ಚಿನ್ನಿಯ ವಾಸನೆ ಕೊಡುತ್ತದೆ. ಜೀರಿಗೆಯೂ ಕ್ಯಾರವೇಯ ಜಾಗ ತುಂಬುವುದಿಲ್ಲ.

ಮುಚ್ಚಳ ಹಾಕಿ ಸಣ್ಣ ಉರಿಯಲ್ಲಿ ಮುಕ್ಕಾಲು ಗಂಟೆ ಬೇಯಬೇಕು. ಸೇಬು ಕರಗಿ ಅದರ ಸಿಹಿ ಕೋಸಿಗೆ ಇಳಿಯುತ್ತದೆ. ಹುಣಸೆ ಸಾರಿಗೆ ಚೂರು ಬೆಲ್ಲ ಹಾಕುವವರಿಗೆ ಈ ಯುಕ್ತಿ ಹೊಸದಲ್ಲ. ಇಳಿಸುವ ಕಾಲು ಗಂಟೆ ಮೊದಲು ಒಂದು ಸಣ್ಣ ಹಸಿ ಆಲೂಗಡ್ಡೆಯನ್ನು ತುರಿದು ಹಾಕಿದರೆ ಅದರ ಪಿಷ್ಟ ರಸವನ್ನು ಗಟ್ಟಿಮಾಡಿ ಹುಳಿಯ ಮೊನೆ ಮುರಿಯುತ್ತದೆ. ಉಪ್ಪು, ಬೇಕೆನಿಸಿದರೆ ಒಂದು ಚಿಟಿಕೆ ಸಕ್ಕರೆ, ಕೊನೆಗೆ ರುಚಿ ನೋಡಿದ ಮೇಲಷ್ಟೇ.

ಬವೇರಿಯಾದಲ್ಲಿ ಕ್ಯಾರವೇ ಧಾರಾಳ. ರೈನ್ ತೀರದ ದ್ರಾಕ್ಷಿ ನಾಡಿನಲ್ಲಿ ವೈನ್ ಹೆಚ್ಚು. ಶ್ವೇಬಿಯಾದವರು ಇದನ್ನು ಆಲೂಗಡ್ಡೆ ಹಿಟ್ಟಿನ ಬೆರಳುದ್ದದ ಶುಪ್ಫ್‌ನೂಡೆಲ್ನ್ ಜೊತೆ ಬಾಣಲೆಯಲ್ಲಿ ಹುರಿದು ಒಂದೇ ಊಟ ಮಾಡಿಬಿಡುತ್ತಾರೆ. ಮರುದಿನ ಬಿಸಿಮಾಡಿದ್ದೇ ಹೆಚ್ಚು ರುಚಿ ಎನ್ನುವುದು ಎಲ್ಲ ಕಡೆಯ ಮಾತು. 1865ರ ವಿಲ್‌ಹೆಲ್ಮ್ ಬುಶ್‌ನ ಮಕ್ಕಳ ಕಥೆ ‘ಮಾಕ್ಸ್ ಉಂಟ್ ಮೋರಿಟ್ಸ್’ನಲ್ಲಿ ವಿಧವೆ ಬೋಲ್ಟೆ ನೆಲಮಾಳಿಗೆಗೆ ಇಳಿಯುವುದೂ ಹಾಗೆ ಬಿಸಿಮಾಡಿ ತಿನ್ನುವ ಸೌರ್‌ಕ್ರೌಟಿಗಾಗಿಯೇ. ಜೊತೆಗೆ ಬಡಿಸುವ ಆಲೂಗಡ್ಡೆಯನ್ನು ಮಾತ್ರ ಬೇರೆ ಪಾತ್ರೆಯಲ್ಲೇ ಬೇಯಿಸಬೇಕು. ಹುಳಿಯಲ್ಲಿ ಬಿದ್ದ ಹೋಳುಗಳು ಎಷ್ಟು ಹೊತ್ತಾದರೂ ಗಟ್ಟಿಯಾಗಿಯೇ ಉಳಿಯುತ್ತವೆ.