ಮಳೆಯ ಮೇಲೊಂದು ಕರಾರು

ವೈಜ್ಞಾನಿಕ ಕಾದಂಬರಿಗಳಲ್ಲಿ ಪರಿಚಿತವಾದ ಕಲ್ಪನೆಯೊಂದುಂಟು. ನಕ್ಷತ್ರಲೋಕಗಳ ನಡುವೆ ಮಹಾಯುದ್ಧ ನಡೆಯುತ್ತದೆ. ಪ್ರಕೃತಿಯ ನಿಯಮವನ್ನೇ ತಿರುಚಬಲ್ಲ ಶಕ್ತಿಗಳು ಅದರಲ್ಲಿ ಬಳಕೆಯಾಗುತ್ತವೆ. ಗೆದ್ದವರೂ ಸೋತವರೂ ಬೆದರಿ, ಇನ್ನು ಅವುಗಳನ್ನು ಯಾರೂ ಮುಟ್ಟಬಾರದೆಂದು ಕರಾರು ಬರೆದುಕೊಳ್ಳುತ್ತಾರೆ. ಓದುವಾಗ ಬಹುದೂರದ ಮಾತೆಂದು ತೋರೀತು. ಆದರೆ ಅದನ್ನು ಹೋಲುವ ಕರಾರೊಂದು ನಮ್ಮ ಭೂಮಿಯ ಮೇಲೆಯೇ ಆಗಿದೆ. ಭಾರತವೂ ಅದಕ್ಕೆ ಸೇರಿದೆ. ಹುಟ್ಟಿದ್ದು ಮಳೆಯ ಕಾರಣದಿಂದ. ಮಂಡ್ಯದ ಬಳಿಯ ಹೊಳಲಿನಲ್ಲಿ ನಿವೃತ್ತನಾಗಿ ಕುಳಿತಿರುವ ನನ್ನಂಥವನಿಗೆ ಅದರಲ್ಲಿ ಆಸಕ್ತಿ ಮೂಡಿದ್ದು ಸಹಜವೇ. ಕೊಡಗಿನಲ್ಲಿ ಮಳೆ ಹಿಡಿಯಿತೇ, ಕನ್ನಂಬಾಡಿ ಎಷ್ಟು ಅಡಿ ಏರಿತು ಎಂಬುದು ನಮ್ಮ ಸೀಮೆಯಲ್ಲಿ ಕುಶಲಪ್ರಶ್ನೆಯ ಒಂದು ಭಾಗ.

ಹೊಸದನ್ನು ಹೇಳುವ ಮುನ್ನ ಹಳೆಯದೊಂದನ್ನು ನೆನೆಯೋಣ. ಕುರುಕ್ಷೇತ್ರದಲ್ಲಿ ಕಾಳಗ ತೊಡಗುವ ಮೊದಲು ಉಭಯಪಕ್ಷದವರೂ ‘ಸಮಯ’ ಮಾಡಿಕೊಂಡರೆಂದು ವ್ಯಾಸಭಾರತದ ಭೀಷ್ಮಪರ್ವ ಹೇಳುತ್ತದೆ. ರಥಿಕನು ರಥಿಕನೊಡನೆಯೇ ಕಾದಬೇಕು, ಆಯುಧ ಕಳೆದುಕೊಂಡವನನ್ನು ಹೊಡೆಯಬಾರದು, ಶಂಖ ಭೇರಿಗಳವರನ್ನು ಮುಟ್ಟಬಾರದು, ಇತ್ಯಾದಿ. ಆ ಸಮಯದ ಗತಿ ಏನಾಯಿತೆಂಬುದನ್ನು ಅಭಿಮನ್ಯುವಿನ ಕಥೆ ಬಲ್ಲವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ನಮಗೆ ಇಲ್ಲಿ ಬೇಕಾದದ್ದು ಸೌಪ್ತಿಕಪರ್ವ. ಯುದ್ಧವೇನೋ ಮುಗಿದಿದೆ. ಆದರೂ ಅಶ್ವತ್ಥಾಮನು ಹುಲ್ಲುಕಡ್ಡಿಯೊಂದನ್ನೆತ್ತಿ ಬ್ರಹ್ಮಶಿರವೆಂಬ ಅಸ್ತ್ರವನ್ನು ಪ್ರಯೋಗಿಸುತ್ತಾನೆ. ಅದನ್ನಡಗಿಸಲು ಅರ್ಜುನನೂ ಅದನ್ನೇ ಬಿಡುತ್ತಾನೆ. ನಾರದ ವ್ಯಾಸರು ನಡುವೆ ಬಂದು ನಿಲ್ಲುತ್ತಾರೆ. ಅರ್ಜುನ ತನ್ನದನ್ನು ಹಿಂದಕ್ಕೆ ಪಡೆದ. ಅಶ್ವತ್ಥಾಮನಿಗೆ ಬಿಡುವುದು ತಿಳಿದಿತ್ತು, ಹಿಂತೆಗೆಯುವುದು ಸಾಧ್ಯವಾಗಲಿಲ್ಲ. ಅಸ್ತ್ರ ಗರ್ಭದ ಶಿಶುವಿನ ಮೇಲೆ ಹೋಯಿತು. ಹಿಂತೆಗೆಯುವ ಈ ವಿದ್ಯೆಯೇ ಉಪಸಂಹಾರ. (ನಾವು ಮೇಷ್ಟ್ರುಗಳು ಪ್ರಬಂಧದ ಕಡೆಯ ಅಧ್ಯಾಯಕ್ಕೆ ಆ ಹೆಸರನ್ನಿಟ್ಟು ಅದರ ಕಾವನ್ನೆಲ್ಲ ಆರಿಸಿಬಿಟ್ಟಿದ್ದೇವೆ.) ಒಂದು ಬ್ರಹ್ಮಶಿರವನ್ನು ಇನ್ನೊಂದು ತಡೆದ ನಾಡಿನಲ್ಲಿ ಹನ್ನೆರಡು ವರ್ಷ ಮಳೆಯಾಗದೆಂದು ವ್ಯಾಸರು ಅಲ್ಲಿ ಎಚ್ಚರಿಸುತ್ತಾರೆ. ಅಸ್ತ್ರದ ಘೋರವನ್ನು ಅಳೆಯಲು ಕವಿಗೆ ದೊರೆತ ಅಳತೆಗೋಲು ಬಾರದ ಮಳೆ!

ವಿಯೆಟ್ನಾಂ ಯುದ್ಧದಲ್ಲಿ ಇದು ತಿರುವುಮುರುವಾಯಿತು. ಲಾವೋಸಿನ ಕಾಡುಗಳ ಮೂಲಕ ಹಾದು ದಕ್ಷಿಣಕ್ಕೆ ಶಸ್ತ್ರ, ಸೈನ್ಯ ಸಾಗಿಸುತ್ತಿದ್ದ ಹೋ ಚಿ ಮಿನ್ ಹಾದಿಯನ್ನು ಕೆಸರಾಗಿಸಿ ಕೆಡಿಸಲು ಅಮೆರಿಕೆಯ ವಿಮಾನಗಳು 1967ರ ಮಾರ್ಚಿನಿಂದ 1972ರ ಜುಲೈವರೆಗೆ, ಮುಂಗಾರಿನ ತಿಂಗಳುಗಳಲ್ಲಿ, ಗುಟ್ಟಾಗಿ ಮೋಡ ಬಿತ್ತಿದವು. ‘ಪಾಪೈ’ ಎಂದು ಕಾರ್ಯಾಚರಣೆಯ ಹೆಸರು; ಎರಡು ಸಾವಿರದ ಆರುನೂರಕ್ಕೂ ಮಿಕ್ಕಿ ಹಾರಾಟಗಳು. ಇದರ ಮರ್ಮ ಸರಳ. ಎತ್ತರದ ಮೋಡದಲ್ಲಿ ಸೊನ್ನೆ ಡಿಗ್ರಿಗಿಂತ ತಣ್ಣಗಾದರೂ ಹೆಪ್ಪುಗಟ್ಟದ ಹನಿಗಳಿರುತ್ತವೆ. ಸಿಲ್ವರ್ ಅಯೋಡೈಡಿನ ಹರಳಿನ ರಚನೆ ಮಂಜುಗಡ್ಡೆಯದನ್ನು ಹೋಲುವುದರಿಂದ ಅದರ ಸುತ್ತ ನೀರು ಹೆಪ್ಪುಗಟ್ಟಿ, ಬೆಳೆದು, ಭಾರವಾಗಿ, ಕರಗಿ ಮಳೆಯಾಗಿ ಬೀಳುತ್ತದೆ. ಮೋಡವಿಲ್ಲದ ಕಡೆ ಇದು ನಿಷ್ಪ್ರಯೋಜಕ. ವಿಚಿತ್ರವೆಂದರೆ, ಅದೇ 1967ರ ಆರಂಭದಲ್ಲಿ ಅದೇ ಅಮೆರಿಕ ಅದೇ ವಿದ್ಯೆಯನ್ನು ಬರಗಾಲದ ಬಿಹಾರಕ್ಕೆ ನೆರವಾಗಿ ಒಯ್ದಿತ್ತು. ಅಲ್ಲಿ ಬಿತ್ತಲು ತಕ್ಕ ಮೋಡಗಳೇ ಸಾಕಷ್ಟಿರಲಿಲ್ಲ.

1971ರಲ್ಲಿ ಪತ್ರಕರ್ತ ಜ್ಯಾಕ್ ಆಂಡರ್ಸನ್ ಈ ಗುಟ್ಟನ್ನು ಬಯಲಿಗೆಳೆದರು. ಸೆನೆಟರ್ ಕ್ಲೇಬೋರ್ನ್ ಪೆಲ್ ಪಟ್ಟುಹಿಡಿದು ವಿಚಾರಣೆ ನಡೆಸಿದರು. ವಿಶ್ವಸಂಸ್ಥೆ 1976ರ ಡಿಸೆಂಬರಿನಲ್ಲಿ ಅಂಗೀಕರಿಸಿದ, 1978ರ ಅಕ್ಟೋಬರಿನಲ್ಲಿ ಜಾರಿಗೆ ಬಂದ ಕರಾರು ಇದರ ಫಲ. ಭಾರತ ಅದೇ 1978ರಲ್ಲಿ ಅದಕ್ಕೆ ಬದ್ಧವಾಯಿತು. ಪ್ರಕೃತಿವ್ಯಾಪಾರಗಳನ್ನು ಬುದ್ಧಿಪೂರ್ವಕವಾಗಿ ತಿರುಚಿ ನೆಲ, ಜಲ, ವಾಯು, ಜೀವಜಾಲ, ಕಡೆಗೆ ಬಾಹ್ಯಾಕಾಶವನ್ನೂ ಶತ್ರುವಿನ ಕೇಡಿಗಾಗಿ ಮಾರ್ಪಡಿಸಕೂಡದೆಂಬುದು ಅದರ ತಿರುಳು. ಭೂಕಂಪ, ಸುನಾಮಿ, ಚಂಡಮಾರುತಗಳೂ ಅದರ ಜೊತೆಯ ವಿವರಣೆಯಲ್ಲಿ ಬರುತ್ತವೆ. ಪುರಾಣ ಓದಿದಂತೆಯೇ ಆಗುತ್ತದೆ. ಕೇಡು ‘ವ್ಯಾಪಕ’ವೆನಿಸಬೇಕಾದರೆ ನೂರಾರು ಚದರ ಕಿಲೋಮೀಟರಿಗೆ ಹರಡಬೇಕು, ‘ದೀರ್ಘಕಾಲಿಕ’ವೆನಿಸಲು ಕೆಲವು ತಿಂಗಳು, ಅಥವಾ ಸುಮಾರು ಒಂದು ಋತು, ಇರಬೇಕು. ಋತುವೆಂದರೆ ಒಂದು ಬೆಳೆ. ಈ ಅಳತೆಯನ್ನು ಗೊತ್ತುಮಾಡಿದವರು ಬೇಸಾಯಗಾರನೊಬ್ಬನನ್ನು ಕೇಳಿದ್ದರೆ ಒಂದು ವಾರವೇ ಸಾಕೆನ್ನುತ್ತಿದ್ದನೇನೋ. ಭತ್ತ ಹೊಡೆಯೊಡೆಯುವ ವಾರ.

ಆದರೆ ಕರಾರು ಕೇಳುವುದು ಮುಖ್ಯವಾಗಿ ಒಂದನ್ನೇ: ಹಗೆತನವಿತ್ತೇ? ಶಾಂತಿಯ ಉದ್ದೇಶಕ್ಕೆ ಅದು ಅಡ್ಡಬರುವುದಿಲ್ಲ. ನಮ್ಮ ರಾಜ್ಯವೇ 2003ರಲ್ಲಿ ‘ವರುಣ’ವೆಂದೂ 2017ರಲ್ಲಿ ‘ವರ್ಷಧಾರೆ’ಯೆಂದೂ ಮೋಡ ಬಿತ್ತಿತು, ಬರದ ಕಣ್ಣೀರು ಕಂಡವರು ಅದನ್ನು ಹಳಿಯಲಾರರು, ನಾನೂ ಹಳಿಯೆ. ಆದರೂ ಕಾವೇರಿಯ ವಿಷಯ ನೋಡಿ. 1924ರ ಒಪ್ಪಂದದಿಂದ ಹಿಡಿದು ಕರ್ನಾಟಕಕ್ಕೆ 284.75 ಟಿಎಂಸಿಯೆಂದ 2018ರ ಸುಪ್ರೀಂ ಕೋರ್ಟಿನ ತೀರ್ಪಿನವರೆಗೆ, ಹೊಳೆಗಿಳಿದ ನೀರಿಗೆ ಇಷ್ಟೊಂದು ಲೆಕ್ಕ. ಇನ್ನೂ ಇಳಿಯದೆ ಮೋಡದಲ್ಲಿರುವ ನೀರಿಗೆ ಅಲ್ಲಿ ಲೆಕ್ಕವೇ ಇಲ್ಲ.

ಸೌಪ್ತಿಕಪರ್ವ ಹಗೆತನವನ್ನು ಮಾತ್ರ ಕೇಳಿ ಬಿಡುವುದಿಲ್ಲ. ಅರ್ಜುನ ಅಸ್ತ್ರ ಬಿಟ್ಟಾಗ ಅವನ ಮನಸ್ಸಿನಲ್ಲಿದ್ದುದು ಶಾಂತಿಯೇ. ಆದರೂ ಋಷಿಗಳು ಅವನನ್ನೂ ತಡೆದರು. ಈಗ ಭೂಮಿಯ ತಾಪವನ್ನಿಳಿಸಲು ವಾಯುಮಂಡಲದ ಮೇಲ್ಪದರದಲ್ಲಿ ಗಂಧಕದ ಕಣಗಳನ್ನು ಹರಡಿ ಬಿಸಿಲಿಗೇ ತೆರೆ ಕಟ್ಟುವ ಯೋಚನೆ ವಿಜ್ಞಾನಿಗಳ ಚರ್ಚೆಯಲ್ಲಿದೆ. ಉದ್ದೇಶ ಒಳ್ಳೆಯದು, ಆದಕಾರಣ 1976ರ ಕರಾರಿಗೆ ಅದು ಸಿಕ್ಕುವುದಿಲ್ಲ. ಅದರಿಂದ ಮುಂಗಾರು ಏರುಪೇರಾದೀತೆಂಬ ಶಂಕೆ ಒಂದು ಕಡೆ. ಇನ್ನೊಂದು ಕಡೆ, ತೊಡಗಿದ ಮೇಲೆ ಥಟ್ಟನೆ ನಿಲ್ಲಿಸಿದರೆ ತಡೆದಿಟ್ಟ ತಾಪವೆಲ್ಲ ಕೆಲವೇ ವರ್ಷಗಳಲ್ಲಿ ಒಟ್ಟಿಗೆ ಏರುತ್ತದೆಂದು ಅವರೇ ಎಚ್ಚರಿಸುತ್ತಾರೆ. ಕರಾರಿನ ಸದಸ್ಯರಾಷ್ಟ್ರಗಳು ಅದನ್ನು ಪರಾಮರ್ಶಿಸಲು 1984ರಲ್ಲೊಮ್ಮೆ, 1992ರಲ್ಲೊಮ್ಮೆ ಸೇರಿದ್ದವು. ಆಮೇಲೆ ಸೇರಿಲ್ಲ.