ಎವರೆಸ್ಟ್ ನೋಡಲು ಹೋಗಿ ಒಲೆ ಮುಂದೆ ಕೂತೆ

"ಈ ವಯಸ್ಸಿನಲ್ಲಿ ಹಿಮಾಲಯವಾ? ಕಾಶಿಗೆ ಹೋಗಿ ಬಂದರೆ ಪುಣ್ಯವಾದ್ರೂ ಬಂದೀತು" ಎಂದರು ಪಕ್ಕದ ಮನೆಯವರು. ಅವರ ಮಾತೂ ಪೂರ್ತಿ ಸುಳ್ಳಲ್ಲ ಬಿಡಿ. ನನಗಾಗ ಐವತ್ತಮೂರು. ಬಲಗಾಲಿನ ಮಂಡಿ ಮೆಟ್ಟಿಲು ಕಂಡರೆ ಗೊಣಗುತ್ತದೆ. ಶಿರಸಿ ಬಿಟ್ಟು ಒಬ್ಬಳೇ ಹೋದದ್ದೆಂದರೆ ಹುಬ್ಬಳ್ಳಿಯವರೆಗೆ, ಅದೂ ತಂಗಿಯ ಬಾಣಂತನಕ್ಕೆ. ಆದರೆ ವರ್ಷಗಟ್ಟಲೆ ಕಟ್ಟಿದ ಚೀಟಿಯ ಹಣ ಕೈಗೆ ಬಂದ ದಿನ ಮಗಳು, "ಅಮ್ಮಾ, ಈ ಸಲ ಬಳೆ ಮಾಡಿಸಬೇಡ, ನನ್ನ ಆಫೀಸಿನವರ ಗುಂಪಿನ ಜೊತೆ ಬಾ" ಅಂದಳು. ನಮ್ಮ ಮನೆಯವರು ಪೇಪರಿನಿಂದ ತಲೆ ಎತ್ತದೆ, "ಹೋಗಿ ಬಾ, ಸಾರು ಮಾಡೋಕೆ ನನಗೂ ಬರುತ್ತೆ" ಎಂದರು. ಅವರಿಗೆ ಬರೋದಿಲ್ಲ. ಆದರೂ ಹೊರಟೆ.

ಮೂರು ತಿಂಗಳು ದಿನಾ ಬೆಳಿಗ್ಗೆ ಒಂದು ಗಂಟೆ ನಡೆದೆ. ಅದೇ ನನ್ನ ತಯಾರಿ.

2023 ರ ಅಕ್ಟೋಬರ್. ನಾವು ಒಂಬತ್ತು ಮಂದಿ, ಜೊತೆಗೊಬ್ಬ ಗೈಡ್, ಒಬ್ಬ ಸಹಾಯಕ, ಸಾಮಾನು ಹೊರಲು ನಾಲ್ವರು. ಕಠ್ಮಂಡುವಿನಿಂದ ನಡುರಾತ್ರಿ ಜೀಪು ಹತ್ತಿ, ಬೆಳಕು ಹರಿಯುವ ಹೊತ್ತಿಗೆ ರಾಮೆಛಾಪ್ ಎಂಬಲ್ಲಿ ಇಳಿದು, ಅಲ್ಲಿಂದ ಪುಟ್ಟ ವಿಮಾನ. ಇಳಿಯೋದು ಲುಕ್ಲಾದಲ್ಲಿ. ಆ ರನ್‌ವೇ ಬರೀ 527 ಮೀಟರ್ ಉದ್ದ, ಅದೂ ಇಳಿಜಾರು. ಒಂದು ತುದಿಗೆ ಕಣಿವೆ, ಇನ್ನೊಂದು ತುದಿಗೆ ಬೆಟ್ಟದ ಗೋಡೆ. ವಿಮಾನ ಏರುಮುಖವಾಗಿ ಇಳಿದು ನಿಲ್ಲುತ್ತದೆ. ನಾನು ಕಣ್ಣು ಮುಚ್ಚಿ ಮಾರಿಕಾಂಬೆಯನ್ನು ನೆನೆದೆ. ಕಣ್ಣು ಬಿಟ್ಟಾಗ ನಾವು 2,860 ಮೀಟರ್ ಎತ್ತರದಲ್ಲಿದ್ದೆವು. ನಮ್ಮ ರಾಜ್ಯದ ಅತಿ ಎತ್ತರದ ಮುಳ್ಳಯ್ಯನಗಿರಿಯೇ 1,930 ಮೀಟರ್ ಅಂದರೆ ಲೆಕ್ಕ ಹಾಕಿಕೊಳ್ಳಿ.

ಲುಕ್ಲಾ ಊರು ಮುಗಿಯುವಲ್ಲಿ ಒಂದು ಕಮಾನು ಇದೆ, ಅದಕ್ಕೆ ಪಸಾಂಗ್ ಲ್ಹಾಮು ಶೆರ್ಪಾ ಎಂಬ ಹೆಣ್ಣುಮಗಳ ಹೆಸರು. 1993 ರ ಏಪ್ರಿಲ್ 22 ರಂದು ಎವರೆಸ್ಟ್ ತುದಿ ಮುಟ್ಟಿದ ನೇಪಾಳದ ಮೊದಲ ಮಹಿಳೆ ಆಕೆ. ಅದಕ್ಕೆ ಮುಂಚೆ ಮೂರು ಸಲ ಹೋಗಿ ವಾಪಸು ಬಂದಿದ್ದಳು. ನಾಲ್ಕನೇ ಸಲ ತುದಿ ಸಿಕ್ಕಿತು, ಆದರೆ ಇಳಿಯುವಾಗ ಹವೆ ಕೆಟ್ಟು ಪ್ರಾಣ ಬಿಟ್ಟಳು. ಮನೆಯಲ್ಲಿ ಮಕ್ಕಳಿದ್ದ ತಾಯಿ. ಎಲ್ಲರೂ ಅಲ್ಲಿ ಫೋಟೋ ತೆಗೆಸಿಕೊಳ್ಳುತ್ತಿದ್ದರು. ನನಗೇಕೋ ನಗುತ್ತಾ ನಿಲ್ಲಲು ಮನಸ್ಸಾಗಲಿಲ್ಲ.

ಮೊದಲ ದಿನದ ದಾರಿ ಫಾಕ್ಡಿಂಗ್ ತನಕ, ಹೆಚ್ಚೆಲ್ಲ ಇಳಿಜಾರು. ಕೆಳಗೆ ಹಾಲಿನಂತೆ ಬೆಳ್ಳಗೆ ಹರಿಯುವ ದೂಧ್‌ಕೋಸಿ ನದಿ. ದಾರಿಯಲ್ಲಿ ಮಂತ್ರ ಕೆತ್ತಿದ ಕಲ್ಲುಗಳ ಸಾಲು, ಅದಕ್ಕೆ ಮಣಿಗೋಡೆ ಅನ್ನುತ್ತಾರೆ. ಅದು ಬಲಗಡೆಗೆ ಬರುವಂತೆ ನಡೆಯಬೇಕು. ಗೈಡ್ ಹೇಳುವ ಮೊದಲೇ ನಾನು ಹಾಗೆ ಹೋದದ್ದು ನೋಡಿ ಆತನಿಗೆ ಖುಷಿ. ಪ್ರದಕ್ಷಿಣೆ ನಮಗೆ ಯಾರು ಕಲಿಸಬೇಕು ಹೇಳಿ! ಗಾಳಿಗೆ ಪಟಪಟಿಸುವ ಬಾವುಟಗಳಲ್ಲಿ ಐದು ಬಣ್ಣ: ನೀಲಿ, ಬಿಳಿ, ಕೆಂಪು, ಹಸಿರು, ಹಳದಿ. ಆಕಾಶ, ಗಾಳಿ, ಬೆಂಕಿ, ನೀರು, ಭೂಮಿ. ನಮ್ಮ ಪಂಚಭೂತಗಳೇ. ಬೈಲಕುಪ್ಪೆಯ ನಾಮ್‌ದ್ರೋಲಿಂಗ್ ಮಠದ ಬಂಗಾರದ ಬುದ್ಧನನ್ನು ನೀವು ನೋಡಿರಬಹುದು. ಆ ಮಠದವರದು ಬೌದ್ಧರಲ್ಲಿ ನ್ಯಿಂಗ್ಮಾ ಪಂಥ. ಈ ಕಣಿವೆಯ ಶೆರ್ಪಾಗಳದೂ ಅದೇ.

ಒಂದು ತಪ್ಪು ತಿಳಿವಳಿಕೆ ನನಗೂ ಇತ್ತು, ಹೇಳಿಬಿಡ್ತೀನಿ. ಶೆರ್ಪಾ ಅಂದರೆ ಹೊರೆ ಹೊರುವವನು ಅಂದುಕೊಂಡಿದ್ದೆ. ಅಲ್ಲ, ಅದೊಂದು ಜನಾಂಗದ ಹೆಸರು. 'ಶರ್' ಎಂದರೆ ಪೂರ್ವ, 'ಪಾ' ಎಂದರೆ ಜನ. ಸುಮಾರು ಐನೂರು ವರ್ಷದ ಹಿಂದೆ ಟಿಬೆಟ್ಟಿನ ಪೂರ್ವ ಭಾಗದಿಂದ ಬಂದು ಇಲ್ಲಿ ನೆಲೆಸಿದವರು. ನಮ್ಮ ಸಾಮಾನು ಹೊತ್ತ ಹುಡುಗರಲ್ಲಿ ಶೆರ್ಪಾ ಒಬ್ಬನೂ ಇರಲಿಲ್ಲ, ರಾಯ್ ಮತ್ತು ತಮಾಂಗ್ ಜನ. ಶೆರ್ಪಾಗಳು ಮಕ್ಕಳಿಗೆ ಹುಟ್ಟಿದ ವಾರದ ಹೆಸರಿಡುವುದು ವಾಡಿಕೆ. ಭಾನುವಾರ ನೀಮಾ, ಸೋಮವಾರ ದಾವಾ, ಮಂಗಳವಾರ ಮಿಂಗ್ಮಾ, ಬುಧವಾರ ಲ್ಹಾಕ್ಪಾ, ಗುರುವಾರ ಫುರ್ಬಾ, ಶುಕ್ರವಾರ ಪಸಾಂಗ್, ಶನಿವಾರ ಪೆಂಬಾ. ಗಂಡಾದರೂ ಅದೇ, ಹೆಣ್ಣಾದರೂ ಅದೇ. ಒಂದು ಮನೆಯಲ್ಲಿ ಕೂಗಿದರೆ ನಾಲ್ಕು ಮನೆಯಿಂದ ಓಗೊಡುತ್ತಾರೇನೋ!

ಎರಡನೇ ದಿನ ನಾಮ್ಚೆಯ ಏರು. ಮೈ ಜುಮ್ಮೆನ್ನಿಸುವ ತೂಗುಸೇತುವೆ ದಾಟಿದ ಮೇಲೆ ಸುಮಾರು 600 ಮೀಟರ್ ಒಂದೇ ಸಮನೆ ಹತ್ತಬೇಕು. "ಬಿಸ್ತಾರೈ, ಬಿಸ್ತಾರೈ" ಎನ್ನುತ್ತಲೇ ಇದ್ದ ಗೈಡ್. ನಿಧಾನ, ನಿಧಾನ ಅಂತ. ನಡುದಾರಿಯಲ್ಲಿ ಮರಗಳ ಸಂದಿಯಿಂದ ಎವರೆಸ್ಟ್ ಒಂದು ಚೂರು ಕಾಣುತ್ತದಂತೆ. ನಮಗೆ ಕಂಡದ್ದು ಮೋಡ. ಸಂಜೆ ಮುಂಚೆ 3,440 ಮೀಟರ್ ಎತ್ತರದ ನಾಮ್ಚೆ ತಲುಪಿದೆವು. ಕುದುರೆಲಾಳದ ಆಕಾರದ ಬೆಟ್ಟಕ್ಕೆ ಮೆಟ್ಟಿಲು ಮೆಟ್ಟಿಲಾಗಿ ಅಂಟಿಕೊಂಡ ಊರು.

ರಾತ್ರಿ ಊಟಕ್ಕೆ ಕೂತಾಗ ತಲೆನೋವು ಶುರುವಾಯಿತು. ಹಣೆಗೆ ಹಗ್ಗ ಕಟ್ಟಿ ಬಿಗಿದ ಹಾಗೆ. ಗೈಡ್ ದಿನಾ ಸಂಜೆ ಎಲ್ಲರನ್ನೂ ಕೇಳುತ್ತಿದ್ದ: ತಲೆನೋವಾ, ವಾಕರಿಕೆಯಾ, ನಿದ್ದೆ ಬಂತಾ? ನನ್ನ ಸರದಿ ಬಂದಾಗ ನಗುತ್ತಾ, "ಏನೂ ಇಲ್ಲ, ಚೆನ್ನಾಗಿದ್ದೀನಿ" ಎಂದೆ.

ಯಾಕೆ ಹಾಗಂದೆ? ಹೇಳಿದರೆ ಕೆಳಗೆ ಕಳಿಸುತ್ತಾರೆಂಬ ಹೆದರಿಕೆ ಒಂದು. ಇನ್ನೊಂದು, ನನ್ನಿಂದ ಎಂಟು ಜನಕ್ಕೆ ತೊಂದರೆ ಯಾಕೆ ಎಂಬ ಸಂಕೋಚ. ನಿಜ ಹೇಳಬೇಕೆಂದರೆ ಅದು ಮೂವತ್ತು ವರ್ಷದ ಅಭ್ಯಾಸ. ನೂರೆರಡು ಜ್ವರ ಇದ್ದಾಗಲೂ ಗಂಜಿ ಬೇಯಿಸಿ ಬಡಿಸಿ, ಎಲ್ಲರೂ ಉಂಡ ಮೇಲೆ ಮಲಗಿದವಳು ನಾನು. ನಿಮ್ಮಲ್ಲೂ ಎಷ್ಟೋ ಜನ ಹಾಗೇ, ಅಲ್ವಾ?

ಮೂರನೇ ದಿನ ದೇಹಕ್ಕೆ ಎತ್ತರ ಒಗ್ಗಲೆಂದು ಬಿಡುವು. ಆದರೂ ಸ್ವಲ್ಪ ಮೇಲೆ ಹತ್ತಿ ಇಳಿಸಿದರು. ತಲೆನೋವು ಹೆಚ್ಚಾಯಿತು. ಮಗಳಿಗೂ ಹೇಳಲಿಲ್ಲ. ಅಂದು ರಾತ್ರಿ ಅನ್ನ ಕಲಸಿ ತಟ್ಟೆಯ ಅಂಚಿಗೆ ಸರಿಸಿ ಸರಿಸಿ ಉಂಡಂತೆ ಮಾಡಿದೆ. ವಸತಿಗೃಹದ ಒಡತಿ, ನಾವೆಲ್ಲ ದೀದಿ ಅನ್ನುತ್ತಿದ್ದೆವು, ತಟ್ಟೆ ಎತ್ತಲು ಬಂದವಳು ಅದನ್ನು ನೋಡಿದಳು. ಆಮೇಲೆ ನನ್ನ ಮುಖ ನೋಡಿದಳು. "ಸಿರ್ ದುಖ್ತಾ ಹೈ?" ಎಂದಳು. ನನ್ನ ಕಣ್ಣಲ್ಲಿ ನೀರು ಬಂತು. ಅಷ್ಟೇ ಸಾಕಾಯಿತು ಆಕೆಗೆ.

ಗೈಡ್ ಬೈಯಲಿಲ್ಲ. ಬೈದಿದ್ದರೆ ವಾಸಿಯಿತ್ತು. ಮೆಲ್ಲಗೆ ಎಲ್ಲವನ್ನೂ ಬಿಡಿಸಿ ಹೇಳಿದ. ಮೇಲೆ ಹೋದಂತೆ ಗಾಳಿಯ ಒತ್ತಡ ಕಡಿಮೆ, ಒಂದೊಂದು ಉಸಿರಿಗೂ ಸಿಗುವ ಆಮ್ಲಜನಕ ಕಡಿಮೆ. ದೇಹ ಒಗ್ಗಿಕೊಳ್ಳಲು ದಿನಗಳು ಬೇಕು. ಅದಕ್ಕೇ 3,000 ಮೀಟರ್ ದಾಟಿದ ಮೇಲೆ ಮಲಗುವ ಎತ್ತರವನ್ನು ದಿನಕ್ಕೆ 500 ಮೀಟರಿಗಿಂತ ಹೆಚ್ಚಿಸಬಾರದು, ನಡುವೆ ಬಿಡುವಿನ ದಿನ ಇರಬೇಕು. ತಲೆನೋವು, ವಾಕರಿಕೆ, ಊಟ ಸೇರದಿರುವುದು ಮೊದಲ ಎಚ್ಚರಿಕೆ. ಅದು ಹೋಗುವ ತನಕ ಒಂದು ಹೆಜ್ಜೆಯೂ ಮೇಲಕ್ಕೆ ಇಡಬಾರದು. ನಡೆಯುವಾಗ ತೂರಾಡಿದರೆ, ಮಾತು ತೊದಲಿದರೆ, ಸುಮ್ಮನೆ ಕೂತಾಗಲೂ ಏದುಸಿರು ಬಂದರೆ ನಡುರಾತ್ರಿಯಾದರೂ ಕೆಳಗೆ ಇಳಿಸಲೇಬೇಕು, ಇಲ್ಲದಿದ್ದರೆ ಜೀವಕ್ಕೇ ಅಪಾಯ. ವಯಸ್ಸು ಚಿಕ್ಕದಾದರೂ, ಮೈ ಗಟ್ಟಿಯಾದರೂ ಇದು ಯಾರಿಗೆ ಬೇಕಾದರೂ ಬರಬಹುದು. "ಮುಚ್ಚಿಟ್ಟರೆ ನಾನು ಹೇಗೆ ಕಾಯಲಿ ಮಾಜೀ?" ಎಂದ. ಹೋಗುವವರು ಮೊದಲೇ ನಿಮ್ಮ ಡಾಕ್ಟರನ್ನು ಕಂಡು, ಎತ್ತರಕ್ಕೆ ಕೊಡುವ ಮಾತ್ರೆ ನಿಮಗೆ ಆಗಿಬರುತ್ತದೋ ಇಲ್ಲವೋ ಕೇಳಿಕೊಳ್ಳಿ. ಬಿಪಿ, ಸಕ್ಕರೆ ಕಾಯಿಲೆ ಇರುವವರಂತೂ ಕೇಳಲೇಬೇಕು.

ಮರುದಿನ ಬೆಳಿಗ್ಗೆ ಉಳಿದವರು ತೆಂಗ್‌ಬೋಚೆಗೆ ಹೊರಟರು. ಸಹಾಯಕನೂ ನಾನೂ ನಾಮ್ಚೆಯಲ್ಲಿ ಉಳಿದೆವು. ಮಗಳು ಉಳೀತೀನಿ ಎಂದಳು, ನಾನೇ ಬಲವಂತ ಮಾಡಿ ಕಳಿಸಿದೆ. ಅವರು ತಿರುವಿನಲ್ಲಿ ಮರೆಯಾದ ಮೇಲೆ ಚೆನ್ನಾಗಿ ಅತ್ತೆ.

ದೀದಿ ಕರೆದು ಒಲೆ ಪಕ್ಕ ಕೂರಿಸಿದಳು. ಪಟ್ಟೆಪಟ್ಟೆಯ ಏಪ್ರನ್ ಮುಂದೊಂದು, ಹಿಂದೊಂದು. ಗೋಡೆಯುದ್ದಕ್ಕೂ ಹಲಗೆಯ ಮೇಲೆ ಹುಣಿಸೆಹಣ್ಣು ಹಾಕಿ ತಿಕ್ಕಿದಂತೆ ಹೊಳೆಯುವ ತಾಮ್ರದ ಹಂಡೆಗಳು. ಮನೆತನದ ಸಿರಿಯನ್ನು ಅಳೆಯುವುದೇ ಅದರಿಂದ. ನಾನು ಬೆಳ್ಳುಳ್ಳಿ ಸಿಪ್ಪೆಯನ್ನು ಒಲೆಗೆ ಹಾಕಲು ಹೋದೆ, ಕೈ ಹಿಡಿದಳು. ಒಲೆಯಲ್ಲಿ ದೇವರಿದ್ದಾನೆ, ಕಸ ಹಾಕಬಾರದು. ನಮ್ಮ ಅಜ್ಜಿಯ ಮಾತು, ಅಕ್ಷರ ವ್ಯತ್ಯಾಸವಿಲ್ಲ. ಎರಡು ಲೋಟ ಬೆಳ್ಳುಳ್ಳಿ ಸಾರು ಕುಡಿಸಿದಳು. ಅದು ಔಷಧಿಯೆಂದು ಡಾಕ್ಟರರು ಒಪ್ಪುವುದಿಲ್ಲ, ಆದರೆ ಬಿಸಿನೀರು ಹೊಟ್ಟೆಗೆ ಹೋಗುತ್ತದಲ್ಲ! ಬೆಣ್ಣೆ, ಉಪ್ಪು ಹಾಕಿದ ಚಹಾ ಮಾತ್ರ ನನಗೆ ಇಳಿಯಲಿಲ್ಲ. "ಯಾಕ್ ಹಾಲಿನದಾ?" ಎಂದು ಕೇಳಿದ್ದಕ್ಕೆ ಬಿದ್ದು ಬಿದ್ದು ನಕ್ಕಳು. ಯಾಕ್ ಅಂದರೆ ಗಂಡು, ಹಾಲು ಕೊಡುವ ಹೆಣ್ಣು ನಾಕ್ ಅಂತೆ. ಕನ್ನಡದಲ್ಲಿ ಯಾಕ್ ಅಂದರೆ ಏನು, ನಾಕ್ ಅಂದರೆ ಎಷ್ಟು ಅಂತ ನಾನು ಹೇಳಿದ ಮೇಲೆ ಇನ್ನೂ ನಕ್ಕಳು.

ಅಲ್ಲಿನ ಮುಖ್ಯ ಬೆಳೆ ಆಲೂಗೆಡ್ಡೆ. ಅದು ಈ ಕಣಿವೆಗೆ ಬಂದದ್ದೇ ಹತ್ತೊಂಬತ್ತನೇ ಶತಮಾನದಲ್ಲಿ. ಅದರಿಂದ ಮಾಡುವ 'ರಿಕಿ ಕುರ್' ಎಂಬ ರೊಟ್ಟಿಯನ್ನು ಅಂದು ಕಲಿತೆ. ನಾಲ್ಕು ದೊಡ್ಡ ಹಸಿ ಆಲೂಗೆಡ್ಡೆಯನ್ನು ಸಿಪ್ಪೆ ತೆಗೆದು ಸಣ್ಣಗೆ ತುರಿಯಿರಿ. ಮೂರು ನಾಲ್ಕು ಚಮಚ ಗೋಧಿಹಿಟ್ಟು, ಉಪ್ಪು ಸೇರಿಸಿ ದೋಸೆಹಿಟ್ಟಿಗಿಂತ ಗಟ್ಟಿಯಾಗಿ ಕಲಸಿ. ಕಾದ ಕಾವಲಿಗೆ ಹೊಯ್ದು ಸಣ್ಣ ಉರಿಯಲ್ಲಿ ಎರಡೂ ಕಡೆ ಕೆಂಪಗೆ ಬೇಯಿಸಿ. ಅವಸರ ಮಾಡಿದರೆ ನಡುವೆ ಹಸಿ ಉಳಿಯುತ್ತೆ. ಮೇಲೆ ಬೆಣ್ಣೆ, ಪಕ್ಕಕ್ಕೆ ಖಾರದ ಚಟ್ನಿ. ಚಟ್ನಿಗೆ ಅವರು ತಿಮುರ್ ಎಂಬ ಕಾಳು ಹಾಕುತ್ತಾರೆ. ಬಾಯಿಗಿಟ್ಟ ಕೂಡಲೇ ನಾಲಿಗೆ ಜುಮ್ ಎಂದಿತು. ಅರೆ, ನಮ್ಮ ಜುಮ್ಮನಕಾಯಿಯ ಬಳಗದ್ದೇ ಇದು! ಊರಿಗೆ ಬಂದ ಮೇಲೆ ಜುಮ್ಮನಕಾಯಿ ಹಾಕಿಯೇ ಮಾಡುತ್ತೇನೆ, ಚೆನ್ನಾಗಿರುತ್ತೆ.

ಮಧ್ಯಾಹ್ನ ಉಣ್ಣೆ ಸುತ್ತುತ್ತಾ ಮಾತಾಡಿದೆವು, ನನ್ನ ಹರುಕು ಹಿಂದಿಯಲ್ಲಿ. ಅವರಲ್ಲಿ ಮದುವೆ ಮೂರು ಹಂತ: ಹೆಣ್ಣು ಕೇಳುವ ಸೊದೆನೆ, ನಿಶ್ಚಯದ ದೆಮ್‌ಚಾಂಗ್, ಕೊನೆಗೆ ಜೆಂದಿ. ಹಿಂದೆಲ್ಲ ನಡುವೆ ವರ್ಷಗಳೇ ಕಳೆದು, ಜೆಂದಿಯ ಹೊತ್ತಿಗೆ ಮಗು ಕಂಕುಳಲ್ಲಿರುತ್ತಿದ್ದದ್ದೂ ಉಂಟಂತೆ. "ತಲೆನೋವು ಯಾಕೆ ಮುಚ್ಚಿಟ್ಟೆ?" ಎಂದು ಮತ್ತೆ ಕೇಳಿದಳು. ಉತ್ತರಕ್ಕೆ ಕಾಯದೆ ತನ್ನ ಗಂಡನ ಕಥೆ ಹೇಳಿದಳು. ಆತ ಹತ್ತಾರು ವರ್ಷ ಪರದೇಶಿಗಳ ಹೊರೆ ಹೊತ್ತು ಎವರೆಸ್ಟಿನ ಬುಡದ ಹಿಮಪ್ರಪಾತ ದಾಟಿದವನು. ತಲೆ ಸಿಡಿದರೂ ಹೇಳುತ್ತಿರಲಿಲ್ಲ, ಹೇಳಿದರೆ ಮುಂದಿನ ವರ್ಷ ಕೆಲಸಕ್ಕೆ ಕರೆಯುವುದಿಲ್ಲವೆಂಬ ಭಯ. 2014 ರ ಏಪ್ರಿಲ್ 18 ರ ಬೆಳಿಗ್ಗೆ ಅಲ್ಲೇ ಹಿಮಗಡ್ಡೆ ಕುಸಿದು 16 ಮಂದಿ ನೇಪಾಳಿ ಕೆಲಸಗಾರರು ಸತ್ತರು, ಹೆಚ್ಚಿನವರು ಶೆರ್ಪಾಗಳು. ಮೂವರ ದೇಹ ಸಿಗಲೇ ಇಲ್ಲ. ದೀದಿಯ ಗಂಡ ಅವತ್ತು ಕೆಳಗಿನ ಶಿಬಿರದಲ್ಲಿದ್ದ, ಅವನ ಸರದಿ ಮರುದಿನ. ಮನೆಗೆ ಬಂದವನು ಮತ್ತೆ ಹೋಗಲಿಲ್ಲ. ಈಗ ಹಿಂದುಗಡೆ ಎಲೆಕೋಸು ಬೆಳೆಯುತ್ತಾನೆ. "ಬೇಸರ ಅವನಿಗೆ. ನನಗಿಲ್ಲ" ಎಂದಳು.

ಐದನೇ ದಿನ ಎದ್ದಾಗ ತಲೆ ಹಗುರ. ಎರಡು ರೊಟ್ಟಿ ತಿಂದೆ. ಸಹಾಯಕನ ಜೊತೆ ಬಿಸ್ತಾರೈ ಬಿಸ್ತಾರೈ ಹತ್ತಿದೆ. 3,880 ಮೀಟರಿನಲ್ಲಿ 1971 ರಿಂದ ಇರುವ ಹೋಟೆಲಿನ ಜಗಲಿಯಿಂದ ಕಂಡಿತು. 8,848.86 ಮೀಟರಿನ ಎವರೆಸ್ಟ್ ಮುಂದಿನ ದೊಡ್ಡ ಗೋಡೆಯ ಹಿಂದಿನಿಂದ ಕಪ್ಪು ತಲೆ ಮಾತ್ರ ಎತ್ತಿ ನೋಡುತ್ತಿತ್ತು. ಇಷ್ಟೇನಾ ಅನ್ನಿಸಿತು, ಸುಳ್ಳು ಯಾಕೆ ಹೇಳಲಿ? ಮನಸ್ಸು ಕದ್ದದ್ದು ಪಕ್ಕದ ಅಮಾ ದಬ್ಲಾಮ್. ಅಮಾ ಎಂದರೆ ಅಮ್ಮ, ದಬ್ಲಾಮ್ ಎಂದರೆ ಅಲ್ಲಿನ ಹೆಂಗಸರು ಕೊರಳಿಗೆ ಹಾಕುವ ಪದಕ. ಎದೆಯ ನಡುವೆ ನೇತಾಡುವ ಹಿಮಗಡ್ಡೆ ಥೇಟ್ ಪದಕದಂತೆಯೇ ಇತ್ತು.

ಅಲ್ಲಿಂದ ಖುಮ್‌ಜುಂಗ್ ಊರಿಗೆ ಇಳಿದೆವು. ಊರಿನ ಮೇಲೆ ಖುಂಬಿಲಾ ಎಂಬ ದೇವರ ಬೆಟ್ಟ, ಅದನ್ನು ಯಾರೂ ಹತ್ತುವುದಿಲ್ಲ. ಎಡ್ಮಂಡ್ ಹಿಲರಿ 1961 ರಲ್ಲಿ ಕಟ್ಟಿಸಿದ ಶಾಲೆ ಇಲ್ಲಿದೆ, ಪಕ್ಕದ ಖುಂದೆಯಲ್ಲಿ 1966 ರ ಆಸ್ಪತ್ರೆ. ಈ ಕೆಲಸಗಳ ನಡುವೆಯೇ 1975 ರಲ್ಲಿ ಆತನ ಹೆಂಡತಿ, ಚಿಕ್ಕ ಮಗಳು ಕಠ್ಮಂಡುವಿನ ಬಳಿ ವಿಮಾನ ಬಿದ್ದು ತೀರಿಕೊಂಡರು. ಆಮೇಲೂ ಆತ ಬರುವುದನ್ನು ಬಿಡಲಿಲ್ಲ. ಶಾಲೆಯ ಹತ್ತಿರ ನಮ್ಮವರೆಲ್ಲ ಸಿಕ್ಕರು. ತೆಂಗ್‌ಬೋಚೆಯ ಮಠ ಎಷ್ಟು ಚೆನ್ನ, 1934 ರ ಭೂಕಂಪಕ್ಕೆ ಬಿದ್ದು, 1989 ರಲ್ಲಿ ಸುಟ್ಟು, ಮತ್ತೆ ಹೇಗೆ ಎದ್ದಿತು ಎಂದು ಮಗಳು ವರ್ಣಿಸಿದಳು. ಹೊಟ್ಟೆಕಿಚ್ಚಾಯಿತು. ಆಗದೆ ಇರುತ್ತಾ?

ಹೋಗಬೇಕೆನ್ನುವವರಿಗೆ ಒಂದೆರಡು ಮಾತು. ಪಾಸ್‌ಪೋರ್ಟ್ ಇಲ್ಲವೇ ಮತದಾರರ ಗುರುತಿನ ಚೀಟಿ ಒಯ್ಯಿರಿ, ಆಧಾರ್ ಒಂದನ್ನೇ ನಂಬಬೇಡಿ. ಪುಟ್ಟ ವಿಮಾನಕ್ಕೆ 15 ಕಿಲೋ ಮಿತಿ. ಹವೆ ಕೆಟ್ಟರೆ ವಿಮಾನ ಹಾರದು, ಎರಡು ದಿನ ಕೈಯಲ್ಲಿಟ್ಟುಕೊಂಡೇ ಹೊರಡಿ. ಶೂ ಹೊಸದಾಗಿರಬಾರದು. ಬಿಡುವಿನ ದಿನ ಇಲ್ಲದ ಅಗ್ಗದ ಪ್ರವಾಸವನ್ನು ಒಪ್ಪಬೇಡಿ.

2024 ರ ಆಗಸ್ಟ್ 16 ರಂದು ಆ ಕಣಿವೆಯ ಥಾಮೆ ಊರಿಗೆ, ಮೇಲಿನ ಹಿಮಸರೋವರ ಒಡೆದು ಪ್ರವಾಹ ನುಗ್ಗಿತು. ತೇನ್‌ಸಿಂಗ್ ಬೆಳೆದ ಊರು ಅದು, ನಮ್ಮ ದೀದಿಯ ತವರೂ ಹೌದು. ಶಾಲೆ, ಚಿಕಿತ್ಸಾಲಯ, ಎಷ್ಟೋ ಮನೆ ಹೋದವು. ಹಗಲಾದ್ದರಿಂದ ಜನ ಓಡಿ ಬದುಕಿದರು. ಗೈಡ್ ಮೂಲಕ ದೀದಿಗೆ ಫೋನ್ ಮಾಡಿದೆ. ತಮ್ಮನ ಆಲೂಗೆಡ್ಡೆ ಗದ್ದೆಯ ಮೇಲೆ ಆಳೆತ್ತರ ಕಲ್ಲು ಬಿದ್ದಿದೆ ಎಂದಳು. ಸ್ವಲ್ಪ ಹೊತ್ತು ಇಬ್ಬರೂ ಸುಮ್ಮನಿದ್ದೆವು. ಆಮೇಲೆ ಆಕೆಯೇ ಕೇಳಿದಳು, ಮಂಡಿ ಹೇಗಿದೆ ಅಂತ. ತುಂಬಾ ನೋಯ್ತಿದೆ ಎಂದೆ.